ಎಂಟನೇ ವಯಸ್ಸಿಗೆ ಮುಗಿದ ವೃತ್ತಿ: ಹಾಲಿವುಡ್ ಹಾಸ್ಯಚಿತ್ರಗಳ ಬಾಲನಟರು

1925ರಲ್ಲಿ ಅಮೆರಿಕದ ಟಕೋಮಾದಲ್ಲಿ ಹುಟ್ಟಿದ ರಾಬರ್ಟ್ ಹಚಿನ್ಸ್ ‘ಅವರ್ ಗ್ಯಾಂಗ್’ ಹಾಸ್ಯ ಕಿರುಚಿತ್ರಗಳಲ್ಲಿ ಮೊದಲ ಬಾರಿಗೆ ಕಾಣಿಸಿಕೊಂಡಾಗ ಅವನಿಗೆ ಎರಡು ವರ್ಷ. ಐವತ್ತಕ್ಕೂ ಹೆಚ್ಚು ಚಿತ್ರಗಳಲ್ಲಿ ನಟಿಸಿ 1933ರಲ್ಲಿ ಹೊರಬಂದಾಗ ಎಂಟು ವರ್ಷ. ಪ್ರೇಕ್ಷಕರು ಅವನನ್ನು ‘ವೀಜರ್’ ಎಂಬ ಅಡ್ಡಹೆಸರಿನಿಂದಲೇ ಬಲ್ಲರು. ಆಮೇಲೆ ಅವನು ಚಿತ್ರರಂಗಕ್ಕೆ ಮರಳಲಿಲ್ಲ. ಸೇನೆ ಸೇರಿ, 1945ರ ಮೇ ತಿಂಗಳಲ್ಲಿ ಕ್ಯಾಲಿಫೋರ್ನಿಯಾದ ಮರ್ಸೆಡ್ ವಾಯುನೆಲೆಯಲ್ಲಿ ತರಬೇತಿ ಹಾರಾಟದ ವೇಳೆ ಎರಡು ವಿಮಾನಗಳು ಡಿಕ್ಕಿಯಾಗಿ ಅವನು ಮೃತಪಟ್ಟಾಗ ವಯಸ್ಸು ಇಪ್ಪತ್ತು.

ಇಷ್ಟು ಚಿಕ್ಕ ವೃತ್ತಿಜೀವನಕ್ಕೆ ಆ ಹುಡುಗನ ಸೋಲು ಕಾರಣವಲ್ಲ. ಆ ಚಿತ್ರಸರಣಿಯ ರಚನೆಯೇ ಹಾಗಿತ್ತು. 1922ರಲ್ಲಿ ಇದನ್ನು ಆರಂಭಿಸಿದ ನಿರ್ಮಾಪಕ ಹ್ಯಾಲ್ ರೋಚ್ ಅವರಿಗೆ ಬೇಕಿದ್ದುದು ಪಾಠ ಒಪ್ಪಿಸುವ ಮಕ್ಕಳಲ್ಲ, ಬೀದಿಯಲ್ಲಿ ಜಗಳವಾಡಿ ಆಡುವ ಮಕ್ಕಳು. ಮೂಕಿ ಚಿತ್ರಗಳ ಕಾಲದಲ್ಲಿ ನಿರ್ದೇಶಕ ರಾಬರ್ಟ್ ಮೆಕ್‌ಗೋವನ್, ಓದಲೂ ಬಾರದ ಪುಟ್ಟ ನಟರಿಗೆ ಸನ್ನಿವೇಶವನ್ನು ಕಥೆಯಂತೆ ವಿವರಿಸಿ, ಕ್ಯಾಮೆರಾ ಓಡುತ್ತಿರುವಾಗಲೇ ಕೂಗಿ ಹೇಳಿ ನಟಿಸುವಂತೆ ಮಾಡುತ್ತಿದ್ದರು. 1929ರಲ್ಲಿ ಧ್ವನಿ ಬಂದಮೇಲೆ ಅದು ಸಾಧ್ಯವಾಗಲಿಲ್ಲ. ಮಕ್ಕಳು ಮಾತುಗಳನ್ನು ಬಾಯಿಪಾಠ ಮಾಡಬೇಕಾಯಿತು. ವೀಜರ್ ಈ ಎರಡೂ ಕಾಲಗಳನ್ನು ದಾಟಿದವನು. ವಾಕ್ಚಿತ್ರಗಳಲ್ಲಿ ಅವನ ಮಾತು ಅಲ್ಲಲ್ಲಿ ತಡವರಿಸಿದರೂ ಆ ತಡವರಿಕೆಯೇ ನನಗೆ ಇಂದಿಗೂ ಅತ್ಯಂತ ಪ್ರಿಯವಾದದ್ದು, ಏಕೆಂದರೆ ಅಲ್ಲಿ ನಟನೆಗಿಂತ ಮಗುವೇ ಮುಂದೆ ಬರುತ್ತದೆ. ಆದರೆ ಮಗುತನವನ್ನೇ ಬಂಡವಾಳವಾಗಿಸಿಕೊಂಡ ಸರಣಿಯಲ್ಲಿ ಎತ್ತರ ಬೆಳೆದವರಿಗೆ ಜಾಗವಿರಲಿಲ್ಲ. ದೊಡ್ಡವರು ಹೊರಹೋಗುತ್ತ, ಚಿಕ್ಕವರು ಒಳಬರುತ್ತ, 1944ರವರೆಗೆ 220 ಕಿರುಚಿತ್ರಗಳು ತಯಾರಾದವು. ಜಾಕಿ ಕೂಪರ್ ಅವರಂತೆ ಇಲ್ಲಿಂದ ಹೊರಟು ದೊಡ್ಡ ಚಿತ್ರಗಳಲ್ಲಿ ನೆಲೆಯೂರಿದವರು ವಿರಳ.

ದುಡಿದ ಹಣದ ಪ್ರಶ್ನೆಯನ್ನು ಬಯಲಿಗೆ ತಂದದ್ದು ಮಾತ್ರ ಬೇರೊಬ್ಬ ಬಾಲನಟನ ಪ್ರಕರಣ. 1921ರಲ್ಲಿ ಚಾಪ್ಲಿನ್ ಅವರ ‘ದಿ ಕಿಡ್’ ಮೂಲಕ ಜಗತ್ಪ್ರಸಿದ್ಧನಾದ ಜಾಕಿ ಕೂಗನ್, ಪ್ರಾಯಕ್ಕೆ ಬಂದಮೇಲೆ ತಮ್ಮ ಸಂಪಾದನೆಯನ್ನು ಕೇಳಿದಾಗ ಅದರಲ್ಲಿ ಬಹುಪಾಲು ಕರಗಿಹೋಗಿತ್ತು. ಅಪ್ರಾಪ್ತ ಮಗುವಿನ ಗಳಿಕೆ ಹೆತ್ತವರಿಗೇ ಸೇರಿದ್ದೆಂಬುದು ಅಂದಿನ ಕಾನೂನು. 1938ರಲ್ಲಿ ಅವರು ತಾಯಿ ಹಾಗೂ ಮಲತಂದೆಯ ವಿರುದ್ಧ ದಾವೆ ಹೂಡಿದರು; ದಶಲಕ್ಷಗಟ್ಟಲೆ ಡಾಲರ್ ದುಡಿದಿದ್ದವರ ಕೈಗೆ ಕೊನೆಗೆ ಬಂದದ್ದು ಸುಮಾರು 1,26,000 ಡಾಲರ್. ಆ ಪ್ರಕರಣ ಎಬ್ಬಿಸಿದ ಆಕ್ರೋಶದಿಂದ ಕ್ಯಾಲಿಫೋರ್ನಿಯಾದಲ್ಲಿ 1939ರಲ್ಲಿ ಬಾಲನಟರ ಗಳಿಕೆಯನ್ನು ಕಾಪಾಡಲೆಂದು ಕೂಗನ್ ಕಾಯ್ದೆ ಬಂತು. ಆದರೆ ನ್ಯಾಯಾಲಯದ ಅನುಮೋದನೆ ಪಡೆದ ಒಪ್ಪಂದಗಳಿಗೆ ಮಾತ್ರ ಅನ್ವಯಿಸುತ್ತಿದ್ದ ಅದನ್ನು ತಪ್ಪಿಸಿಕೊಳ್ಳುವುದು ಸುಲಭವಾಗಿತ್ತು. ಗಳಿಕೆ ಮಗುವಿನದೇ ಸ್ವತ್ತು, ಅದರಲ್ಲಿ ಶೇ 15ರಷ್ಟನ್ನು ಪ್ರತ್ಯೇಕ ಖಾತೆಯಲ್ಲಿ ಇಡಲೇಬೇಕು ಎಂಬ ನಿಯಮ ಜಾರಿಗೆ ಬರಲು 2000ದವರೆಗೆ ಕಾಯಬೇಕಾಯಿತು.

ಅಷ್ಟರಲ್ಲಿ ‘ಅವರ್ ಗ್ಯಾಂಗ್’ ಎರಡನೇ ಜನ್ಮ ಪಡೆದಿತ್ತು. 1955ರಿಂದ ಹಳೆಯ ಚಿತ್ರಗಳು ‘ದಿ ಲಿಟಲ್ ರಾಸ್ಕಲ್ಸ್’ ಎಂಬ ಹೆಸರಿನಲ್ಲಿ ದೂರದರ್ಶನದಲ್ಲಿ ಪ್ರಸಾರವಾಗಿ ಹೊಸ ತಲೆಮಾರನ್ನು ನಗಿಸಿದವು. ಚಿತ್ರಗಳು ಟಿ.ವಿ.ಯಲ್ಲಿ ಮರುಪ್ರಸಾರವಾದಾಗ ನಟರಿಗೂ ಪಾಲು ಸಲ್ಲಬೇಕೆಂದು ಕಲಾವಿದರ ಸಂಘ ಮುಷ್ಕರ ಹೂಡಿ 1960ರಲ್ಲಿ ಒಪ್ಪಂದ ಮಾಡಿಕೊಂಡಿತಾದರೂ, ಅಷ್ಟು ಹಳೆಯ ಚಿತ್ರಗಳು ಅದರ ವ್ಯಾಪ್ತಿಗೆ ಬರಲಿಲ್ಲ. ದಿನವೂ ಪರದೆಯ ಮೇಲೆ ಓಡಾಡುತ್ತಿದ್ದ ಆ ಮಕ್ಕಳಿಗೆ ಮರುಪ್ರಸಾರದ ಸಂಭಾವನೆ ಬರಲೇ ಇಲ್ಲ.