ಮೀನ್ ವರ್ಲ್ಡ್ ಸಿಂಡ್ರೋಮ್: ಯಾರಿಗೆ ಏನಾಗುತ್ತದೆ?

ಕ್ರೈಮ್ ಧಾರಾವಾಹಿ ನೋಡಿ ಯಾರೋ ಕೊಲೆಗೆ ಸಂಚು ಹೂಡಿದನೆಂಬ ಸುದ್ದಿ ಬಂದರೆ ಸಾಕು, ‘ಇದೇ ಮೀನ್ ವರ್ಲ್ಡ್ ಸಿಂಡ್ರೋಮ್’ ಎಂದು ಒಬ್ಬರಾದರೂ ಷರಾ ಬರೆಯುತ್ತಾರೆ. ಅದಲ್ಲ ಸ್ವಾಮಿ. ಅದು ಅನುಕರಣೆ, ಅದರ ಚರ್ಚೆಯೇ ಬೇರೆ. ಅಮೆರಿಕದ ಪೆನ್ಸಿಲ್ವೇನಿಯಾ ವಿಶ್ವವಿದ್ಯಾಲಯದ ಮಾಧ್ಯಮ ಸಂಶೋಧಕ ಜಾರ್ಜ್ ಗರ್ಬ್ನರ್ ಈ ಹೆಸರಿಟ್ಟದ್ದು (‘ಮೀನ್’ ಎಂದರೆ ಇಲ್ಲಿ ಕೆಟ್ಟ, ಕ್ರೂರ) ಮನೆಯಲ್ಲಿ ಕೂತು ಅದನ್ನೆಲ್ಲ ನೋಡಿ, ಮಲಗುವ ಮುನ್ನ ಚಿಲಕವನ್ನು ಎರಡೆರಡು ಸಲ ಎಳೆದು ನೋಡುವವರ ಮನಸ್ಸಿಗೆ. ಲೋಕವೇ ಕೆಟ್ಟದ್ದು, ಯಾರನ್ನೂ ನಂಬಬಾರದು ಎಂಬ ಎಣಿಕೆ ಅದು. ಸಿಂಡ್ರೋಮ್ ಎಂದರೂ ಕಾಯಿಲೆಯಲ್ಲ, ಇದಕ್ಕೆ ಮಾತ್ರೆ ಇಲ್ಲ.

ಗರ್ಬ್ನರ್ ತಂಡ ಮೊದಲು ಅಮೆರಿಕದ ಟಿವಿ ಕಾರ್ಯಕ್ರಮಗಳಲ್ಲಿನ ಹಿಂಸೆಯನ್ನು ಲೆಕ್ಕ ಹಾಕಿತು. ಆಮೇಲೆ ವೀಕ್ಷಕರಿಗೆ ಪ್ರಶ್ನೆ: ಒಂದು ವಾರದಲ್ಲಿ ನೀವು ಹಿಂಸೆಯ ನಡುವೆ ಸಿಲುಕುವ ಸಾಧ್ಯತೆ 10ರಲ್ಲಿ 1ರಷ್ಟೋ, 100ರಲ್ಲಿ 1ರಷ್ಟೋ? ಮೊದಲನೆಯದು ‘ಟಿವಿ ಉತ್ತರ’, ಎರಡನೆಯದು ವಾಸ್ತವಕ್ಕೆ ಹತ್ತಿರ. ದಿನಕ್ಕೆ 4 ಗಂಟೆ ಅಥವಾ ಹೆಚ್ಚು ನೋಡುವವರು, 2 ಗಂಟೆಯೊಳಗೆ ನೋಡುವವರಿಗಿಂತ ಟಿವಿ ಉತ್ತರದತ್ತ ಹೆಚ್ಚು ವಾಲಿದರು. 1976ರಲ್ಲಿ ಸಹೋದ್ಯೋಗಿ ಲ್ಯಾರಿ ಗ್ರಾಸ್ ಜೊತೆ ಗರ್ಬ್ನರ್ ಇದನ್ನು ಪ್ರಕಟಿಸಿದರು.

ಇಷ್ಟಕ್ಕೇ ‘ಟಿವಿ ತಲೆ ಕೆಡಿಸುತ್ತದೆಂದು ಸಾಬೀತಾಗಿದೆ’ ಎನ್ನುವವರು ಮುಂದಿನ ಪುಟ ತಿರುಗಿಸಿಲ್ಲ. ಅಪರಾಧ ಹೆಚ್ಚಿರುವ ಬಡಾವಣೆಯವರು ಹೊರಗೆ ಹೋಗಲಂಜಿ ಟಿವಿ ಮುಂದೆ ಕೂತಿರಬಹುದಲ್ಲ? ಸಂಶೋಧಕರಾದ ಡೂಬ್ ಮತ್ತು ಮೆಕ್‌ಡೊನಾಲ್ಡ್ 1979ರಲ್ಲಿ ಕೆನಡಾದ ಟೊರಾಂಟೊದಲ್ಲಿ ಇದನ್ನೇ ಪರೀಕ್ಷಿಸಿದರು. ಬಡಾವಣೆಯ ಅಪರಾಧ ಪ್ರಮಾಣವನ್ನು ಲೆಕ್ಕಕ್ಕೆ ತೆಗೆದುಕೊಂಡಾಗ ಟಿವಿಗೂ ಭಯಕ್ಕೂ ಇದ್ದ ಒಟ್ಟಾರೆ ನಂಟು ಬಹುಪಾಲು ಕರಗಿತು. ಅಪರಾಧ ಹೆಚ್ಚಿದ್ದ ನಗರಭಾಗದಲ್ಲಿ ಮಾತ್ರ ಉಳಿಯಿತು. ಕಂಡದ್ದೂ ಪರದೆಯದ್ದೂ ಒಂದೇ ಆದಾಗ ಭಯ ಇಮ್ಮಡಿಯಾಗುತ್ತದೆಂದು ಗರ್ಬ್ನರ್ ಮರುವರ್ಷ ಉತ್ತರಿಸಿದರು. ಎರಡು ದಶಕದ ಅಧ್ಯಯನಗಳನ್ನು ಒಟ್ಟುಗೂಡಿಸಿ 1997ರಲ್ಲಿ ಲೆಕ್ಕ ಹಾಕಿದಾಗ ಸಿಕ್ಕ ಸರಾಸರಿ ಸಹಸಂಬಂಧ (ನಂಟೇ ಇಲ್ಲದಿದ್ದರೆ 0, ಪೂರ್ತಿ ಇದ್ದರೆ 1) ಸುಮಾರು 0.09. ಇದೆ, ಆದರೆ ಸಣ್ಣದು.

ರೀಲ್ಸ್ ಕಾಲಕ್ಕೆ ಈ ಅಂಕಿಗಳನ್ನು ಹಾಗೇ ಎತ್ತಿ ತರುವುದೂ ತಪ್ಪು. ಯಾವ ಚಾನೆಲ್ ಹಾಕಿದರೂ ಎಲ್ಲರೂ ಹೆಚ್ಚುಕಡಿಮೆ ಒಂದೇ ಬಗೆಯ ಕಥೆ ನೋಡುತ್ತಾರೆ ಎಂಬುದು ಆಗಿನ ಊಹೆ. ಮೊಬೈಲಿನಲ್ಲಿ ಪಕ್ಕದಲ್ಲಿ ಕೂತವರ ಫೀಡೇ ಬೇರೆ. ಆದ್ದರಿಂದ ಗಂಟೆಯಷ್ಟನ್ನೇ ಎಣಿಸಿದರೆ ಸಾಲದು, ಏನು ನೋಡಿದರು ಎಂಬುದೂ ಬೇಕು.

ಇಂಥ ಸಮೀಕ್ಷೆಯಲ್ಲಿ ಪ್ರಶ್ನೆ ಕೇಳುವವರು ‘ನಿಮ್ಮ ಬೀದಿ’ಯನ್ನೂ ‘ದೇಶ’ವನ್ನೂ ಬೆರೆಸಬಾರದು. ಬೀದಿ ಕಣ್ಣಿಗೆ ಕಾಣುತ್ತದೆ, ದೇಶ ಸುದ್ದಿಯಲ್ಲಷ್ಟೇ ಸಿಗುತ್ತದೆ. ಎಫ್‌ಬಿಐ ಲೆಕ್ಕದಲ್ಲಿ ಅಮೆರಿಕದ ಹಿಂಸಾಪರಾಧದ ದರ 1993ರಿಂದ 2019ರೊಳಗೆ ಸುಮಾರು ಅರ್ಧಕ್ಕಿಳಿದರೂ, ಗ್ಯಾಲಪ್ ಸಮೀಕ್ಷೆಯಲ್ಲಿ ಬಹುತೇಕ ವರ್ಷ ಹೆಚ್ಚಿನವರು ದೇಶದಲ್ಲಿ ಅಪರಾಧ ಏರಿದೆ ಎಂದೇ ಹೇಳಿದರು. ತಮ್ಮ ಊರಿನ ಬಗ್ಗೆ ಹಾಗೆಂದವರು ಅಷ್ಟಿರಲಿಲ್ಲ.