ಅಪೀಲ್ ಖಾರಿಜ್ ಆಯ್ತು ಅಂದರೆ ಕೇಸು ಸೋತಂತೆಯೇ?

"ನಮ್ಮ ಅಪೀಲ್ ಖಾರಿಜ್ ಆಗ್ಯಾದ್ರಿ." ಕಲಬುರಗಿ ಕಡೆ ಕೋರ್ಟಿಗೆ ಅಲೆದವರ ಬಾಯಲ್ಲಿ ಈ ಮಾತು ಕೇಳಿಯೇ ಇರುತ್ತೀರಿ. ಆದೇಶದಲ್ಲಿ ಬರೆಯುವ ಪದ 'ವಜಾ'. ಆದರೆ ಎಲ್ಲ ವಜಾ ಒಂದೇ ಅಲ್ಲ. ವಾದ ಕೇಳಿ, ದಾಖಲೆ ನೋಡಿ, ಹುರುಳಿಲ್ಲ ಅಂತ ವಜಾ ಮಾಡುವುದು ಬೇರೆ. ವಾದದ ಹಂತಕ್ಕೇ ಬರದೆ, ಕಾಗದಪತ್ರದ ಕೊರತೆಯಿಂದ ವಜಾ ಆಗುವುದು ಬೇರೆ. ಇಲ್ಲಿ ಹೇಳುತ್ತಿರುವುದು ಎರಡನೆಯದು.

ಆಳಂದ ಕಡೆಯ ಒಬ್ಬ ರೈತ ಅಂತ ಇಟ್ಟುಕೊಳ್ಳಿ. ತೊಗರಿ ಹೊಲದ ಪಾಲಿಗಾಗಿ ಅಣ್ಣ ಇವನ ಮೇಲೆ ಹಾಕಿದ ದಾವೆ. ಕೆಳಗಿನ ಎರಡು ಕೋರ್ಟಿನಲ್ಲೂ ಸೋಲು. ಹೈಕೋರ್ಟಿಗೆ ಎರಡನೇ ಅಪೀಲು, ಅಂದರೆ ಆರ್‌ಎಸ್‌ಎ, ಹಾಕಲು 90 ದಿನ ಇರುತ್ತದೆ. ಸ್ವಲ್ಪ ತಡವಾಗಿ ಹಾಕಿದ. ಕಚೇರಿಯವರು ನೋಡಿ ತಕರಾರು ಬರೆದರು: ಕೋರ್ಟ್ ಶುಲ್ಕ ಕಡಿಮೆ, ತೀರ್ಪಿನ ನಕಲು ಇಲ್ಲ, ತಡವಾಗಿದ್ದಕ್ಕೆ ಮನ್ನಾ ಅರ್ಜಿ ಇಲ್ಲ. ವಕೀಲರ ಭಾಷೆಯಲ್ಲಿ ಇದೇ 'ಆಫೀಸ್ ಆಬ್ಜೆಕ್ಷನ್'. ಸರಿಪಡಿಸಲು ಸಮಯ ಕೊಡುತ್ತಾರೆ, ಮತ್ತೊಮ್ಮೆ ಕೊಡುತ್ತಾರೆ. ಕೊನೆಗೆ, ಇಷ್ಟು ದಿನದಲ್ಲಿ ಸರಿಪಡಿಸದಿದ್ದರೆ ಅಪೀಲು ತಾನಾಗಿಯೇ ವಜಾ ಅನ್ನುವ ಷರತ್ತಿನ ಆದೇಶ ಬರುತ್ತದೆ. ಆ ದಿನ ದಾಟಿದರೆ ಮುಗೀತು, ಮತ್ತೆ ಕೂಗಿ ಕರೆಯುವುದಿಲ್ಲ. ರೈತನಿಗೆ ವಿಷಯ ಗೊತ್ತಾಗುವುದು ಎಷ್ಟೋ ಸಲ ಅಣ್ಣ ಹೊಲಕ್ಕೆ ಕೋರ್ಟಿನ ಆದೇಶ ಜಾರಿ ಮಾಡುವ ಅಮೀನನನ್ನು ಕರೆತಂದಾಗ! ಯಾಕಂದರೆ ಅಪೀಲು ಬಿದ್ದರೆ ಕೆಳಗಿನ ಕೋರ್ಟಿನ ಡಿಕ್ರಿ, ಅಂದರೆ ತೀರ್ಪಿನ ಆದೇಶ, ಹಾಗೇ ನಿಲ್ಲುತ್ತದೆ.

ವಿಚಾರಣೆಯ ದಿನ ಅಪೀಲುದಾರನ ಕಡೆಯವರು ಯಾರೂ ಬರದಿದ್ದರೂ ವಜಾ ಆಗಬಹುದು. ಸಿವಿಲ್ ಪ್ರಕ್ರಿಯಾ ಸಂಹಿತೆಯ 41ನೇ ಆದೇಶದ 17ನೇ ನಿಯಮ ಅದು. 1976ರ ತಿದ್ದುಪಡಿ ಒಂದು ಒಳ್ಳೆಯ ಮಾತು ಸೇರಿಸಿತು: ಹೀಗೆ ಗೈರಾದಾಗ ಕೇಸಿನ ಹುರುಳಿನ ಬಗ್ಗೆ ಕೋರ್ಟು ತೀರ್ಪು ಕೊಡುವಂತಿಲ್ಲ. ಹಾಗಾಗಿ ಸರಿಯಾದ ಕಾರಣ ತೋರಿಸಿ 30 ದಿನದೊಳಗೆ ಅಪೀಲನ್ನು ಮತ್ತೆ ದಾಖಲು ಮಾಡಿಸಿಕೊಳ್ಳಬಹುದು. ತಡವಾದರೆ ಮನ್ನಾ ಅರ್ಜಿಯನ್ನೂ ಜೊತೆಗೆ ಹಾಕಬೇಕು. "ವಕೀಲರು ಹೇಳಲಿಲ್ಲ" ಅನ್ನುವುದೊಂದೇ ಕಾರಣ ಎಲ್ಲ ಸಲ ನಡೆಯುವುದಿಲ್ಲ, ನೆನಪಿರಲಿ.

ನನಗೆ ಜಾಸ್ತಿ ಬೇಜಾರಾಗುವುದು ಸಾವಿನ ವಿಷಯದಲ್ಲಿ. ಅಪೀಲು ನಡೆಯುವಾಗಲೇ ಅಣ್ಣ ತೀರಿಕೊಂಡ ಅನ್ನಿ. ಮಣ್ಣಿಗೆ ಊರೆಲ್ಲ ಹೋಗಿರುತ್ತದೆ, ಈ ತಮ್ಮನೂ ಹೆಗಲು ಕೊಟ್ಟಿರುತ್ತಾನೆ. ಕೋರ್ಟಿಗೆ ಮಾತ್ರ ಗೊತ್ತಿರುವುದಿಲ್ಲ. 90 ದಿನದೊಳಗೆ ಅಣ್ಣನ ವಾರಸುದಾರರನ್ನು ಸೇರಿಸದಿದ್ದರೆ ಅವನ ಮಟ್ಟಿಗೆ ಅಪೀಲು ತಾನೇ ಬಿದ್ದುಹೋಗುತ್ತದೆ. ಇದು ವಜಾ ಅಲ್ಲ, 'ಅಬೇಟ್' ಆಗುವುದು. ಪಾಲಿನ ದಾವೆಯಲ್ಲಿ ಪಾಲುದಾರರೆಲ್ಲ ಇರಲೇಬೇಕು, ಅದಕ್ಕೇ ಇಡೀ ಅಪೀಲೇ ಹೋಗಬಹುದು. ಹೀಗೆ ಅಬೇಟ್ ಆದದ್ದನ್ನು ರದ್ದು ಮಾಡಿಸಲು ಇನ್ನೂ 60 ದಿನ ಇದೆ.

2008ಕ್ಕೆ ಮುಂಚೆ ಬೀದರಿನವರು ಇಂಥ ಅರ್ಜಿಗೂ ಬೆಂಗಳೂರಿಗೇ ಹೋಗಬೇಕಿತ್ತು. ಆ ವರ್ಷ ಕಲಬುರಗಿಗೆ ಹೈಕೋರ್ಟಿನ ಸಂಚಾರಿ ಪೀಠ ಬಂತು, 2013ರಲ್ಲಿ ಕಾಯಂ ಆಯಿತು. ಈಗ ಕೇಸಿನ ನಂಬರ್ ಹಾಕಿದರೆ ಮುಂದಿನ ತಾರೀಖು ಮೊಬೈಲಿನಲ್ಲೇ ಕಾಣುತ್ತದೆ. ತಿಂಗಳಿಗೊಮ್ಮೆಯಾದರೂ ಮನೆಯ ಹುಡುಗರ ಕೈಲಿ ನೋಡಿಸಿ.