ಅಡುಗೆಮನೆಗೂ ಹೋಗುವ ಕ್ಯಾಮೆರಾ: ಲೆಸ್ ಬ್ಲಾಂಕ್ ಮತ್ತು 40 ವರ್ಷ ತೆರೆ ಕಾಣದ ಒಂದು ಸಿನಿಮಾ

ಲೆಸ್ ಬ್ಲಾಂಕ್ ತೆಗೆದ ಸಂಗೀತದ ಸಿನಿಮಾ ನೋಡುತ್ತಾ ಕೂತರೆ ಸ್ವಲ್ಪ ಹೊತ್ತಿಗೇ ಹಸಿವಾಗುತ್ತದೆ. ತೆರೆಯ ಮೇಲೆ ಒಬ್ಬರು ಹಾಡುತ್ತಿರುತ್ತಾರೆ. ಕ್ಯಾಮೆರಾ ಅವರನ್ನು ಬಿಟ್ಟು ಒಲೆಯ ಕಡೆ ತಿರುಗುತ್ತದೆ. ಅಲ್ಲಿ ಏನೋ ಕುದಿಯುತ್ತಿರುತ್ತದೆ. ಆಮೇಲೆ ಅಂಗಳದಲ್ಲಿ ಆಡುವ ಮಕ್ಕಳು, ಕೋಳಿ, ಬಾಗಿಲ ಬಳಿ ಕೂತ ಹಿರಿಯರು. ಹಾಡು ಮಾತ್ರ ನಿಲ್ಲುವುದಿಲ್ಲ, ಇದೆಲ್ಲದರ ಹಿಂದೆ ಕೇಳುತ್ತಲೇ ಇರುತ್ತದೆ.

ಅಮೆರಿಕದ ಈ ಸಾಕ್ಷ್ಯಚಿತ್ರ ನಿರ್ದೇಶಕರು ಹುಟ್ಟಿದ್ದು 1935ರಲ್ಲಿ, ಫ್ಲಾರಿಡಾದ ಟ್ಯಾಂಪಾ ಊರಿನಲ್ಲಿ. ತೀರಿಕೊಂಡದ್ದು 2013ರಲ್ಲಿ, ಕ್ಯಾಲಿಫೋರ್ನಿಯಾದ ಬರ್ಕ್ಲಿಯಲ್ಲಿ. ಅಮೆರಿಕದ ಕಪ್ಪು ಜನರ ಬ್ಲೂಸ್ ಹಾಡುಗಳು, ಲೂಸಿಯಾನದ ಫ್ರೆಂಚ್ ಹಾಡುಗಳು, ಟೆಕ್ಸಾಸ್ ಗಡಿಯ ಮೆಕ್ಸಿಕನ್ ಹಾಡುಗಳು, ಪೋಲ್ಕಾ ಎಂಬ ಕುಣಿತದ ಸಂಗೀತ, ಬೆಟ್ಟದೂರುಗಳ ಪಿಟೀಲು, ಹೀಗೆ ದೊಡ್ಡ ಕಂಪನಿಗಳು ಅಷ್ಟಾಗಿ ತಲೆ ಕೆಡಿಸಿಕೊಳ್ಳದ ಸಂಗೀತದ ಹಿಂದೆ ಅವರು ಸುಮಾರು ಐದು ದಶಕ ಓಡಾಡಿದರು. ಹಾಡುವವರ ಬದುಕನ್ನು ಬಿಟ್ಟು ಹಾಡನ್ನಷ್ಟೇ ತೋರಿಸಲು ಆಗುವುದಿಲ್ಲ ಎಂಬುದು ಅವರ ಪ್ರತಿ ಚಿತ್ರದಲ್ಲೂ ಕಾಣುವ ನಂಬಿಕೆ. ಅವರ ಒಳ್ಳೆಯ ಕೆಲಸವೆಲ್ಲ ಹುಟ್ಟಿದ್ದು ಅದರಿಂದಲೇ. ಅವರ ಮೊದಲ ಪೂರ್ಣ ಪ್ರಮಾಣದ ಚಿತ್ರ 40 ವರ್ಷ ಡಬ್ಬದಲ್ಲಿ ಉಳಿಯಲು ಅದೂ ಒಂದು ಕಾರಣ ಅಂತ ನನಗನಿಸುತ್ತದೆ. ಆ ಕತೆ ಅರ್ಥವಾಗಬೇಕಾದರೆ ಸ್ವಲ್ಪ ಹಿಂದಕ್ಕೆ ಹೋಗಬೇಕು.

ಬ್ಲಾಂಕ್ ನ್ಯೂ ಆರ್ಲಿಯನ್ಸ್‌ನ ಟುಲೇನ್ ವಿಶ್ವವಿದ್ಯಾಲಯದಲ್ಲಿ ಇಂಗ್ಲಿಷ್ ಸಾಹಿತ್ಯ, ಆಮೇಲೆ ರಂಗಭೂಮಿ ಓದಿದವರು. ಬದುಕಿನ ದಾರಿ ಕಾಣದೆ ಮನಸ್ಸು ಕುಗ್ಗಿದ್ದ ದಿನಗಳಲ್ಲಿ ಸ್ವೀಡನ್ನಿನ ನಿರ್ದೇಶಕ ಬರ್ಗ್‌ಮನ್ ಅವರ ‘ದಿ ಸೆವೆಂತ್ ಸೀಲ್’ ನೋಡಿ ಸಿನಿಮಾ ಕಡೆ ಬಂದೆ ಎಂದು ಹೇಳಿಕೊಂಡಿದ್ದರು. ಲಾಸ್ ಏಂಜಲೀಸ್‌ನಲ್ಲಿ ಸಿನಿಮಾ ಕಲಿತರು. 1960ರ ದಶಕದ ನಡುವಿನಲ್ಲಿ ಜಾಝ್ ಕಲಾವಿದ ಡಿಝಿ ಗಿಲೆಸ್ಪಿ ಬಗ್ಗೆ ಒಂದು ಕಿರುಚಿತ್ರ ಮಾಡಿದರು. ಆದರೆ ಅದರಿಂದ ಹೊಟ್ಟೆ ತುಂಬುತ್ತಿರಲಿಲ್ಲ. ಕಂಪನಿಗಳಿಗೆ ಪ್ರಚಾರದ ಚಿತ್ರ ಮಾಡಿಕೊಟ್ಟು ಬದುಕಿದರು. ಕಾರ್ಖಾನೆಯ ಹಾಗೆ ನಡೆಯುವ ಒಂದು ಕೋಳಿ ಸಾಕಣೆ ಕಂಪನಿಗೂ ಸಿನಿಮಾ ಮಾಡಿಕೊಟ್ಟರು. 1967ರಲ್ಲಿ ಫ್ಲವರ್ ಫಿಲ್ಮ್ಸ್ ಎಂಬ ಸ್ವಂತ ಸಂಸ್ಥೆ ಕಟ್ಟಿದರು.

ಕಾಲವೂ ಅನುಕೂಲವಾಗಿತ್ತು. ಹೆಗಲ ಮೇಲೆ ಹೊರಬಹುದಾದ 16 ಎಂಎಂ (ಕಿರಿದಾದ ಫಿಲ್ಮಿನ) ಕ್ಯಾಮೆರಾಗಳು ಬಂದಿದ್ದವು. ಸ್ವಿಟ್ಜರ್ಲೆಂಡಿನ ನಾಗ್ರಾ ಟೇಪ್ ರೆಕಾರ್ಡರನ್ನು ಹೆಗಲಿಗೆ ನೇತುಹಾಕಿಕೊಂಡು, ಚಿತ್ರಕ್ಕೆ ಸರಿಯಾಗಿ ಹೊಂದುವ ಧ್ವನಿ ಹಿಡಿಯಬಹುದಿತ್ತು. ಸ್ಟುಡಿಯೋ ಬೇಡ, ಲಾರಿ ತುಂಬ ಲೈಟು ಬೇಡ. ಇಬ್ಬರಿದ್ದರೆ ಸಾಕು, ಯಾರ ಮನೆಗಾದರೂ ಹೋಗಬಹುದು. ಇದೇ ಉಪಕರಣ ಹಿಡಿದು ಬೇರೆ ನಿರ್ದೇಶಕರು ದೊಡ್ಡ ದೊಡ್ಡ ಸಂಗೀತೋತ್ಸವಗಳ ವೇದಿಕೆಯ ಮುಂದೆ ನಿಂತರು. ಬ್ಲಾಂಕ್ ಹಳ್ಳಿಯ ದಾರಿ ಹಿಡಿದರು.

ಆ ದಾರಿಯಲ್ಲಿ ಸಿಕ್ಕ ಮೊದಲ ದೊಡ್ಡ ಹಾಡುಗಾರ ಟೆಕ್ಸಾಸ್‌ನ ಲೈಟ್ನಿನ್ ಹಾಪ್ಕಿನ್ಸ್. ಬ್ಲಾಂಕ್ ಹೇಳುತ್ತಿದ್ದ ಕತೆ ಹೀಗಿದೆ. ಹಾಪ್ಕಿನ್ಸ್ ಮೊದಲ ದಿನವೇ ಒಂದಷ್ಟು ಹಾಡು ಹಾಡಿ, ನಿಮ್ಮ ಕೆಲಸ ಮುಗಿಯಿತು, ಹೊರಡಿ ಅಂದುಬಿಟ್ಟರು. ಬ್ಲಾಂಕ್ ಹೊರಡಲಿಲ್ಲ. ಅವರ ಜೊತೆ ಇಸ್ಪೀಟು ಆಡಿ ದುಡ್ಡು ಸೋತರು. ಸೋಲುವ ಗಿರಾಕಿಯನ್ನು ಯಾರು ತಾನೇ ಕಳಿಸುತ್ತಾರೆ? ಹಾಗೆ ಉಳಿದುಕೊಂಡದ್ದರಿಂದಲೇ ‘ದಿ ಬ್ಲೂಸ್ ಅಕಾರ್ಡಿನ್ ಟು ಲೈಟ್ನಿನ್ ಹಾಪ್ಕಿನ್ಸ್’ ಆಯಿತು. ಆ ಮೊದಲ ದಿನವೇ ಗಂಟುಮೂಟೆ ಕಟ್ಟಿದ್ದರೆ ಹಾಡುಗಳು ಸಿಗುತ್ತಿದ್ದವು, ಹಾಪ್ಕಿನ್ಸ್ ಸಿಗುತ್ತಿರಲಿಲ್ಲ. ಈ ಚಿತ್ರದಲ್ಲಿ ನಿರೂಪಕರ ದನಿಯೇ ಇಲ್ಲ. ಬ್ಲೂಸ್ ಎಲ್ಲಿ ಹುಟ್ಟಿತು, ಅದರ ಲಕ್ಷಣ ಏನು ಎಂದು ಪಾಠ ಮಾಡುವವರಿಲ್ಲ. ಬ್ಲೂಸ್ ಅಂದರೆ ಏನೆಂದು ಹಾಪ್ಕಿನ್ಸ್ ತಾವೇ ಮಾತಾಡುತ್ತಾರೆ, ಉಳಿದದ್ದನ್ನು ಅವರ ಊರು ಹೇಳುತ್ತದೆ.

1971ರ ‘ಎ ವೆಲ್ ಸ್ಪೆಂಟ್ ಲೈಫ್’ ನನಗೆ ಅವರ ಚಿತ್ರಗಳಲ್ಲೇ ಜಾಸ್ತಿ ಇಷ್ಟ. ಅದು ಟೆಕ್ಸಾಸ್‌ನ ನಾವಸೋಟದ ಮ್ಯಾನ್ಸ್ ಲಿಪ್ಸ್‌ಕಂಬ್ ಅವರ ಕುರಿತದ್ದು. 1895ರಲ್ಲಿ ಹುಟ್ಟಿದ ಲಿಪ್ಸ್‌ಕಂಬ್ ಬದುಕಿನ ಬಹುಪಾಲು ಪರರ ಹೊಲವನ್ನು ಪಾಲಿಗೆ ಮಾಡಿದವರು. ಶನಿವಾರ ರಾತ್ರಿ ಊರಿನ ಕುಣಿತಕ್ಕೆ ಗಿಟಾರ್ ನುಡಿಸುತ್ತಿದ್ದರು. ಅವರ ಹಾಡು ಮೊದಲ ಸಲ ರೆಕಾರ್ಡ್ ಆದದ್ದು 1960ರಲ್ಲಿ, ಅವರಿಗೆ 65 ವರ್ಷವಾದಾಗ. ರೆಕಾರ್ಡ್ ಮಾಡಿದವರು ಸಂಶೋಧಕ ಮ್ಯಾಕ್ ಮೆಕಾರ್ಮಿಕ್ ಮತ್ತು ಜರ್ಮನಿಯಿಂದ ಬಂದು ಅಮೆರಿಕದಲ್ಲಿ ನೆಲೆಸಿದ್ದ ಕ್ರಿಸ್ ಸ್ಟ್ರಾಕ್‌ವಿಟ್ಸ್. ಸ್ಟ್ರಾಕ್‌ವಿಟ್ಸ್ ಆಗಷ್ಟೇ ಶುರು ಮಾಡಿದ್ದ ಆರ್ಹೂಲಿ ರೆಕಾರ್ಡ್ಸ್‌ನ ಮೊದಲ ಎಲ್‌ಪಿ (ದೊಡ್ಡ ಗ್ರಾಮಫೋನ್ ತಟ್ಟೆ) ಅದೇ. ಬ್ಲಾಂಕ್ ಮುಂದೆ ಈ ಸ್ಟ್ರಾಕ್‌ವಿಟ್ಸ್ ಜೊತೆ ಸೇರಿ ತಮ್ಮ ಮುಖ್ಯ ಚಿತ್ರಗಳಲ್ಲಿ ಕೆಲವನ್ನು ಮಾಡಿದರು. ಕ್ಯಾಲಿಫೋರ್ನಿಯಾದ ಎಲ್ ಸೆರಿಟೋದಲ್ಲಿ ಇಬ್ಬರ ಕಚೇರಿಯೂ ಒಂದೇ ಕಟ್ಟಡದಲ್ಲಿತ್ತು.

ಲೂಸಿಯಾನದ ಚಿತ್ರಗಳು ಯಾಕೆ ಮುಖ್ಯ ಎಂದು ತಿಳಿಯಲು ಅಲ್ಲಿನ ಭಾಷೆಯ ಕತೆ ಗೊತ್ತಿರಬೇಕು. ಆ ರಾಜ್ಯದ 1921ರ ಸಂವಿಧಾನ ಸರ್ಕಾರಿ ಶಾಲೆಗಳಲ್ಲಿ ಇಂಗ್ಲಿಷ್ ಒಂದನ್ನೇ ಉಳಿಸಿತು. ಮನೆಯಲ್ಲಿ ಫ್ರೆಂಚ್ ಆಡುತ್ತಿದ್ದ ಮಕ್ಕಳು ಶಾಲೆಯಲ್ಲಿ ಅದೇ ಮಾತಾಡಿದರೆ ಶಿಕ್ಷೆ ತಿನ್ನುತ್ತಿದ್ದರು. ಒಂದೆರಡು ತಲೆಮಾರಿನಲ್ಲಿ ಭಾಷೆ ಸೊರಗಿತು. ಆದರೂ ಹಾಡಿನಲ್ಲಿ, ಶನಿವಾರದ ಕುಣಿತದಲ್ಲಿ ಉಳಿದುಕೊಂಡಿತ್ತು. ಬ್ಲಾಂಕ್ ‘ಸ್ಪೆಂಡ್ ಇಟ್ ಆಲ್’, ‘ಡ್ರೈ ವುಡ್’, ‘ಹಾಟ್ ಪೆಪರ್’ ಚಿತ್ರಗಳನ್ನು ಮಾಡಿದ್ದು 1970ರ ದಶಕದ ಮೊದಲ ವರ್ಷಗಳಲ್ಲಿ. ‘ಹಾಟ್ ಪೆಪರ್’ ಝೈಡಿಕೊ ಸಂಗೀತದ ದೊರೆ ಕ್ಲಿಫ್ಟನ್ ಶೆನಿಯೆ ಅವರದು. ಕಪ್ಪು ಜನರ ಬ್ಲೂಸ್ ಮತ್ತು ಫ್ರೆಂಚ್ ಹಾಡು ಅವರ ತಿದಿ ಎಳೆದು ನುಡಿಸುವ ಅಕಾರ್ಡಿಯನ್‌ನಲ್ಲಿ ಒಂದಾಗಿದ್ದವು. ಕ್ಯಾಮೆರಾ ಅವರ ಕುಣಿತದ ಹಾಲ್‌ಗಳಿಗೆ ಹೋಗುತ್ತದೆ, ಅಲ್ಲಿಂದ ಓಣಿಯ ಮಂದಿಯ ಹತ್ತಿರವೂ ಹೋಗುತ್ತದೆ. ನಾಚಿಕೆಪಡುವಂತೆ ಮಾಡಿದ್ದ ಒಂದು ಭಾಷೆಯನ್ನು ಜನ ತಲೆ ಎತ್ತಿ ಹಾಡುವುದನ್ನು ತೆರೆಯ ಮೇಲೆ ನೋಡುವುದು ಚಿಕ್ಕ ವಿಷಯವಲ್ಲ, ಅಲ್ವಾ?

ಈ ಚಿತ್ರಗಳ ಮೇಲೆ ಒಂದು ಆಕ್ಷೇಪ ಎತ್ತಬಹುದು. ಬಡವರು ಯಾವಾಗಲೂ ಉಣ್ಣುತ್ತಾ ಕುಣಿಯುತ್ತಾ ಇರುವಂತೆ ತೋರಿಸಿದರೆ ಅವರ ಕಷ್ಟ ಮರೆಯಾಗುವುದಿಲ್ಲವೇ? ಅದೂ ತೆಗೆಯುವವರು ಹೊರಗಿನಿಂದ ಬಂದ ಬಿಳಿಯ ವ್ಯಕ್ತಿ ಆಗಿದ್ದಾಗ? ಪ್ರಶ್ನೆ ನ್ಯಾಯವಾದದ್ದೇ. ಬ್ಲಾಂಕ್ ಚಿತ್ರಗಳಲ್ಲಿ ಅಂಕಿಅಂಶ ಇಲ್ಲ, ಕೂಲಿಯ ಲೆಕ್ಕ ಇಲ್ಲ. ಆದರೆ 1976ರಲ್ಲಿ ಸ್ಟ್ರಾಕ್‌ವಿಟ್ಸ್ ಜೊತೆ ಮಾಡಿದ ‘ಚುಲಾಸ್ ಫ್ರಾಂಟೆರಾಸ್’ ನೋಡಿದರೆ ಆ ಆಕ್ಷೇಪ ಪೂರ್ತಿ ನಿಲ್ಲುವುದಿಲ್ಲ. ಟೆಕ್ಸಾಸ್ ಮತ್ತು ಮೆಕ್ಸಿಕೊ ಗಡಿಯ ಸಂಗೀತದ ಚಿತ್ರ ಅದು. ಫ್ಲಾಕೊ ಹಿಮೆನೆಸ್ ಅವರ ಅಕಾರ್ಡಿಯನ್ ಇದೆ. ಆ ಕಾಲಕ್ಕಾಗಲೇ ದಂತಕತೆಯಾಗಿದ್ದ ಲಿಡಿಯಾ ಮೆಂಡೋಜಾ ಮನೆಯವರ ಜೊತೆ ಕೂತು ತಮಾಲೆ ಎಂಬ ಮೆಕ್ಸಿಕನ್ ಕಡುಬು ಮಾಡುತ್ತಾರೆ. ಜೊತೆಗೇ ಊರಿಂದೂರಿಗೆ ಹೊಲದ ಕೂಲಿಗೆ ಹೋಗುವ ಕುಟುಂಬಗಳಿವೆ. ಮುಷ್ಕರ ಹೂಡಿದ ಕೂಲಿಕಾರರನ್ನು ಟೆಕ್ಸಾಸ್ ರೇಂಜರ್ಸ್ ಎಂಬ ಪೊಲೀಸ್ ಪಡೆ ಹೊಡೆದದ್ದನ್ನು ಹೇಳುವ ಹಾಡೂ ಇದೆ. ಸ್ಪ್ಯಾನಿಷ್ ಹಾಡುಗಳ ಸಾಲುಗಳಿಗೆ ಇಂಗ್ಲಿಷ್ ಉಪಶೀರ್ಷಿಕೆ ಕೊಟ್ಟಿದ್ದಾರೆ. ಕಷ್ಟವನ್ನು ಬ್ಲಾಂಕ್ ತಮ್ಮ ಮಾತಿನಲ್ಲಿ ಹೇಳಲಿಲ್ಲ, ಹಾಡುವವರಿಗೇ ಬಿಟ್ಟರು. ಅದು ನನಗೆ ಸರಿಯಾಗಿಯೇ ಕಾಣುತ್ತದೆ. 1993ರಲ್ಲಿ ಈ ಚಿತ್ರ ಅಮೆರಿಕದ ರಾಷ್ಟ್ರೀಯ ಚಲನಚಿತ್ರ ನೋಂದಣಿಗೆ ಸೇರಿತು. ಸಂರಕ್ಷಿಸಿಡಲೇಬೇಕಾದ ಚಿತ್ರಗಳ ಸರ್ಕಾರಿ ಪಟ್ಟಿ ಅದು.

ಈಗ ಆ ಡಬ್ಬದಲ್ಲಿದ್ದ ಸಿನಿಮಾಕ್ಕೆ ಬರೋಣ.

1972ರಲ್ಲಿ ಲಿಯಾನ್ ರಸೆಲ್ ರಾಕ್ ಸಂಗೀತದ ದೊಡ್ಡ ಹೆಸರು. ಅವರು ಮತ್ತು ಸಂಗೀತ ಕಂಪನಿ ಶೆಲ್ಟರ್ ರೆಕಾರ್ಡ್ಸ್‌ನಲ್ಲಿ ಅವರ ಪಾಲುದಾರರಾಗಿದ್ದ ಡೆನ್ನಿ ಕಾರ್ಡೆಲ್ ಸೇರಿ ಬ್ಲಾಂಕ್‌ಗೆ ರಸೆಲ್ ಕುರಿತ ಸಿನಿಮಾದ ಕೆಲಸ ಒಪ್ಪಿಸಿದರು. ಓಕ್ಲಹೋಮದ ಒಂದು ದೊಡ್ಡ ಕೆರೆಯ ದಡದಲ್ಲಿ ರಸೆಲ್ ಅವರ ಸ್ಟುಡಿಯೋ ಇತ್ತು. ಬ್ಲಾಂಕ್ ತಮ್ಮ ಸಹಾಯಕಿ ಮೌರೀನ್ ಗಾಸ್ಲಿಂಗ್ ಜೊತೆ ಅಲ್ಲಿಗೇ ಹೋಗಿ ಉಳಿದರು. 1974ರವರೆಗೆ ಚಿತ್ರೀಕರಣ, ಸಂಕಲನ ನಡೆಯಿತು. ಗಾಸ್ಲಿಂಗ್ ಮುಂದೆ ಅವರ ಹಲವು ಚಿತ್ರಗಳ ಸಂಕಲನಕಾರ್ತಿಯಾದರು. ಬ್ಲಾಂಕ್ ಬಗ್ಗೆ ಬರೆಯುವವರು ಆಕೆಯ ಹೆಸರನ್ನು ಇನ್ನೂ ದೊಡ್ಡದಾಗಿ ಬರೆಯಬೇಕು.

ಚಿತ್ರದ ಹೆಸರು ‘ಎ ಪೊಯೆಮ್ ಈಸ್ ಎ ನೇಕೆಡ್ ಪರ್ಸನ್’. ಅದರಲ್ಲಿ ರಸೆಲ್ ಹಾಡುತ್ತಾರೆ, ವಿಲ್ಲಿ ನೆಲ್ಸನ್ ಮತ್ತು ಜಾರ್ಜ್ ಜೋನ್ಸ್ ಕೂಡ ಹಾಡುತ್ತಾರೆ. ಆದರೆ ಬ್ಲಾಂಕ್ ಅಲ್ಲಿಗೆ ನಿಲ್ಲಲಿಲ್ಲ. ಈಜುಕೊಳದ ತಳಕ್ಕೆ ಬಣ್ಣ ಬಳಿದು ಚಿತ್ರ ಬರೆಯುವ ಕಲಾವಿದ, ಕೋಳಿಮರಿ ನುಂಗುವ ಹಾವು, ಉರುಳಿ ಬೀಳುವ ಹಳೇ ಕಟ್ಟಡ, ಗಾಜು ತಿನ್ನುವ ಮನುಷ್ಯ, ಎಲ್ಲವೂ ಒಳಗೆ ಬಂದವು. ಲಿಪ್ಸ್‌ಕಂಬ್ ಮನೆಯಲ್ಲಿ ಮಾಡಿದ್ದನ್ನೇ ಅವರು ಇಲ್ಲೂ ಮಾಡಿದ್ದರು. ಆದರೆ ಇಲ್ಲಿ ದುಡ್ಡು ಹಾಕಿದವರು ಹಾಡುಗಾರರೇ. ರಸೆಲ್‌ಗೆ ಚಿತ್ರ ಹಿಡಿಸಲಿಲ್ಲ. ಅತ್ತ ರಸೆಲ್ ಮತ್ತು ಕಾರ್ಡೆಲ್ ಪಾಲುದಾರಿಕೆಯೂ ಮುರಿಯಿತು.

ಇದರ ಮೇಲೆ ಹಕ್ಕುಗಳ ತೊಡಕು. ಒಂದು ಸಿನಿಮಾದಲ್ಲಿ ಹಾಡು ಬಳಸಲು ಸಾಮಾನ್ಯವಾಗಿ ಎರಡು ಒಪ್ಪಿಗೆ ಬೇಕು. ಒಂದು, ಹಾಡು ಕಟ್ಟಿದವರದು ಅಥವಾ ಅದರ ಪ್ರಕಾಶಕರದು. ಇನ್ನೊಂದು, ಆ ರೆಕಾರ್ಡಿಂಗ್ ಯಾರ ಬಳಿ ಇದೆಯೋ ಅವರದು. ಒಬ್ಬರು ಒಲ್ಲೆ ಅಂದರೂ ಸಿನಿಮಾ ನಿಲ್ಲುತ್ತದೆ. ಹಾಡುಗಳೇ ತುಂಬಿರುವ ಚಿತ್ರಕ್ಕೆ ಈ ಕಂತೆಯನ್ನು ಬಿಡಿಸಿಕೊಡುವ ಮನಸ್ಸು ಯಜಮಾನರಿಗೇ ಇಲ್ಲದಿದ್ದರೆ ನಿರ್ದೇಶಕರು ಏನು ಮಾಡಿಯಾರು? ಬ್ಲಾಂಕ್‌ಗೆ ಉಳಿದದ್ದು ಒಂದೇ ದಾರಿ. ಲಾಭಕ್ಕಲ್ಲದ ಪ್ರದರ್ಶನಗಳಲ್ಲಿ, ತಾವೇ ಖುದ್ದಾಗಿ ಹಾಜರಿದ್ದರೆ ಮಾತ್ರ, 16 ಎಂಎಂ ಪ್ರತಿಯನ್ನು ತೋರಿಸಬಹುದಿತ್ತು. ಅವರ ಕೈಯಲ್ಲೇ ಪ್ರತಿ ಇತ್ತು, ಆದರೆ ಸಿನಿಮಾ ಅವರದಾಗಿರಲಿಲ್ಲ.

ಈ ನಡುವೆ ಅವರು ಸುಮ್ನೆ ಕೂರಲಿಲ್ಲ. 1978ರಲ್ಲಿ ನ್ಯೂ ಆರ್ಲಿಯನ್ಸ್‌ನ ಬೀದಿ ಮೆರವಣಿಗೆಗಳ ಮೇಲೆ ‘ಆಲ್ವೇಸ್ ಫಾರ್ ಪ್ಲೆಷರ್’ ಮಾಡಿದರು. 1980ರಲ್ಲಿ ಬೆಳ್ಳುಳ್ಳಿಯ ಮೇಲೇ ಒಂದು ಚಿತ್ರ ಬಂತು. ಅದು ತೆರೆಯ ಮೇಲೆ ಓಡುವಾಗ ಚಿತ್ರಮಂದಿರದಲ್ಲೇ ಬೆಳ್ಳುಳ್ಳಿ ಬೇಯಿಸಿ ಘಮ ಹರಡಿಸುತ್ತಿದ್ದರು. ಜರ್ಮನ್ ನಿರ್ದೇಶಕ ವರ್ನರ್ ಹರ್ಜಾಗ್ ತಮ್ಮ ಸಿನಿಮಾಕ್ಕಾಗಿ ಪೆರುವಿನ ಕಾಡಿನಲ್ಲಿ ಹಡಗನ್ನು ಗುಡ್ಡ ಹತ್ತಿಸಿದ ಸಾಹಸ ಕುರಿತ 1982ರ ‘ಬರ್ಡನ್ ಆಫ್ ಡ್ರೀಮ್ಸ್’ ಅವರಿಗೆ ದೊಡ್ಡ ಹೆಸರು ತಂದಿತು. ಲೋಕ ಅವರನ್ನು ಇವತ್ತಿಗೂ ಜಾಸ್ತಿ ಗುರುತಿಸುವುದು ಆ ಚಿತ್ರದಿಂದ. ಆದರೆ ಅದರ ಮರುವರ್ಷವೇ ಅವರು ಉತ್ತರ ಕ್ಯಾರೊಲಿನಾದ ಪಿಟೀಲುಗಾರ ಟಾಮಿ ಜಾರೆಲ್ ಅವರ ಚಿತ್ರದೊಂದಿಗೆ ಬಂದರು. ಹೆಸರು ಬಂತೆಂದು ಹಳ್ಳಿಯ ದಾರಿ ಬಿಡಲಿಲ್ಲ.

ಬ್ಲಾಂಕ್ 2013ರ ಏಪ್ರಿಲ್‌ನಲ್ಲಿ ತೀರಿಕೊಂಡರು. ಅವರ ಮಗ ಹ್ಯಾರಡ್ ಬ್ಲಾಂಕ್, ತಾವೂ ಸಿನಿಮಾ ಮಾಡುವವರು, ರಸೆಲ್ ಅವರನ್ನು ಸಂಪರ್ಕಿಸಿ ಒಪ್ಪಿಸಿದರು. ಹಾಡುಗಳ ಹಕ್ಕು ಇತ್ಯರ್ಥವಾಯಿತು. 2015ರ ಮಾರ್ಚ್‌ನಲ್ಲಿ ಟೆಕ್ಸಾಸ್‌ನ ಆಸ್ಟಿನ್‌ನಲ್ಲಿ ನಡೆಯುವ ಸೌತ್ ಬೈ ಸೌತ್‌ವೆಸ್ಟ್ ಉತ್ಸವದಲ್ಲಿ ಚಿತ್ರ ತೆರೆ ಕಂಡಿತು. ಅದೇ ಬೇಸಿಗೆಯಲ್ಲಿ ಚಿತ್ರಮಂದಿರಗಳಿಗೂ ಬಂತು. ರಸೆಲ್ 2016ರ ನವೆಂಬರ್‌ನಲ್ಲಿ ನಿಧನರಾದರು. ಚಿತ್ರದಲ್ಲಿರುವ ಅವರು 30ರ ಆಸುಪಾಸಿನ ಯುವಕ. ಆ ವಯಸ್ಸಿನಲ್ಲಿ ಅವರನ್ನು ಇಷ್ಟು ಹತ್ತಿರದಿಂದ ನೋಡುವ ಅವಕಾಶ ಅವರದೇ ಕಾಲದ ಪ್ರೇಕ್ಷಕರಿಗೆ ಸಿಗಲಿಲ್ಲ ಎಂಬುದು ನನಗೆ ನಿಜವಾಗಿ ಸಂಕಟದ ವಿಷಯ.

2014ರಲ್ಲಿ ಕ್ರೈಟೀರಿಯನ್ ಸಂಸ್ಥೆ ಬ್ಲಾಂಕ್ ಅವರ 14 ಚಿತ್ರಗಳನ್ನು ಒಟ್ಟಿಗೆ ಡಿಸ್ಕ್ ರೂಪದಲ್ಲಿ ತಂದಿತು. ಹೊಸದಾಗಿ ನೋಡುವವರು ಹರ್ಜಾಗ್ ಚಿತ್ರದಿಂದ ಶುರು ಮಾಡುವುದು ರೂಢಿ. ನಾನು ಹೇಳುವುದಾದರೆ ಲಿಪ್ಸ್‌ಕಂಬ್ ಚಿತ್ರದಿಂದ ಶುರು ಮಾಡಿ. ಒಂದು ಗಂಟೆಯೂ ಇಲ್ಲದ ಚಿತ್ರ. ಅದಾದ ಮೇಲೆ ‘ಚುಲಾಸ್ ಫ್ರಾಂಟೆರಾಸ್’. ರಸೆಲ್ ಅವರದನ್ನು ಕೊನೆಗೆ ಇಟ್ಟುಕೊಳ್ಳಿ. ಹಾವು, ಈಜುಕೊಳ, ಬೀಳುವ ಕಟ್ಟಡ ಎಲ್ಲ ಅಲ್ಲಿ ಯಾಕೆ ಬಂತು ಅಂತ ಆಗ ಯಾರನ್ನೂ ಕೇಳಬೇಕಾಗುವುದಿಲ್ಲ.